ಮಂತ್ರಕ್ಕೆ ಬೆಲೆ ಕಟ್ಟುವ ಬಗೆ: ಪಾತ್ರಧಾರಣೆಯ ಆಟಗಳಲ್ಲಿ ಮಾಂತ್ರಿಕ ನಿಯಮಗಳ ಐದು ದಶಕ

ನಾಲ್ಕೈದು ಮಂದಿ ಮೇಜಿನ ಸುತ್ತ ಕುಳಿತು, ಒಬ್ಬೊಬ್ಬರು ಒಂದೊಂದು ಕಾಲ್ಪನಿಕ ಪಾತ್ರವನ್ನು ವಹಿಸಿಕೊಂಡು, ಮಾತು, ದಾಳ ಮತ್ತು ಕಾಗದಗಳ ನೆರವಿನಿಂದ ಸಾಹಸಕಥೆಯೊಂದನ್ನು ಆಡುತ್ತಲೇ ಕಟ್ಟಿಕೊಳ್ಳುವ ಆಟಕ್ಕೆ ಪಾತ್ರಧಾರಣೆಯ ಆಟ, ಅಂದರೆ ರೋಲ್‌ಪ್ಲೇಯಿಂಗ್ ಗೇಮ್ ಎಂದು ಹೆಸರು. ಗುಂಪಿನಲ್ಲಿ ಒಬ್ಬರು ಮಾತ್ರ ಯಾವ ನಾಯಕನ ಪಾತ್ರವನ್ನೂ ವಹಿಸದೆ, ಆಟದ ಲೋಕವನ್ನೂ ಅಲ್ಲಿನ ಶತ್ರುಗಳನ್ನೂ ನಡೆಸುತ್ತಾ, ನಿಯಮಗಳ ಬಗ್ಗೆ ತೀರ್ಪನ್ನೂ ಕೊಡುತ್ತಾರೆ. ಇವರನ್ನು ನಿರ್ವಾಹಕರೆಂದು ಕರೆಯಬಹುದು. ಇಂತಹ ಆಟಕ್ಕೆ ಕತ್ತಿವರಸೆಯ ನಿಯಮ ಬರೆಯುವುದು ಅಷ್ಟೇನೂ ಕಷ್ಟವಲ್ಲ, ಏಕೆಂದರೆ ತೋಳು ಎಷ್ಟು ದೂರ ಚಾಚುತ್ತದೆ, ಕವಚ ಎಷ್ಟು ಭಾರ, ಗಾಯಗೊಂಡವನು ಎಷ್ಟು ಹೊತ್ತು ನಿಲ್ಲಬಲ್ಲ ಎಂಬುದರ ಅಂದಾಜು ಎಲ್ಲರಿಗೂ ಇದ್ದು, ನಿಯಮ ಆ ಅಂದಾಜಿಗೆ ಅಂಕಿ ಹಚ್ಚಿದರೆ ಸಾಕು. ಮಂತ್ರಕ್ಕೆ ಅಂತಹ ಆಸರೆ ಇಲ್ಲ. ಅದು ಏನು ಬೇಕಾದರೂ ಮಾಡಬಲ್ಲದು ಎಂಬುದೇ ಅದರ ಆಕರ್ಷಣೆಯಾಗಿರುವಾಗ, ಅದು ಏನನ್ನು ಮಾಡಲಾರದು, ಎಷ್ಟು ಸಲ ಮಾಡಲಾರದು, ಯಾವ ನಷ್ಟವಿಲ್ಲದೆ ಮಾಡಲಾರದು ಎಂಬುದನ್ನು ನಿಯಮವೇ ಶೂನ್ಯದಿಂದ ಸೃಷ್ಟಿಸಬೇಕಾಗುತ್ತದೆ. 1974ರಿಂದ ಈಚೆಗೆ ಬಂದ ಮಾಂತ್ರಿಕ ನಿಯಮಗಳನ್ನು ಒಟ್ಟಿಗೆ ಇಟ್ಟು ನೋಡಿದರೆ, ಅವು ಮಂತ್ರದ ಸ್ವರೂಪದ ಬಗ್ಗೆ ಹೇಳುವುದು ಕಡಿಮೆ, ಅದರ ಬೆಲೆಯ ಬಗ್ಗೆ ಹೇಳುವುದು ಹೆಚ್ಚು ಎಂಬುದು ಕಾಣುತ್ತದೆ. ಬೆಲೆಯನ್ನು ಯಾವ ನಾಣ್ಯದಲ್ಲಿ ವಸೂಲು ಮಾಡಲಾಗುತ್ತದೆಯೋ ಆಟದ ಗಮನವೆಲ್ಲ ಕ್ರಮೇಣ ಆ ನಾಣ್ಯದ ಸುತ್ತಲೇ ಸುತ್ತತೊಡಗುತ್ತದೆ.

ಈ ಆಟಗಳ ಮಾಂತ್ರಿಕ ಹುಟ್ಟಿದ್ದು ಋಷಿಯಾಗಿ ಅಲ್ಲ, ಫಿರಂಗಿಯಾಗಿ. ಗ್ಯಾರಿ ಗೈಗ್ಯಾಕ್ಸ್ ಮತ್ತು ಜೆಫ್ ಪೆರೆನ್ ಅವರು 1971ರಲ್ಲಿ ಪ್ರಕಟಿಸಿದ ಚೈನ್‌ಮೇಲ್ ಎಂಬುದು ಮಧ್ಯಯುಗದ ಸೇನೆಗಳ ಚಿಕ್ಕ ಬೊಂಬೆಗಳನ್ನು ಮೇಜಿನ ಮೇಲೆ ಕಾದಾಡಿಸುವ ಯುದ್ಧಕ್ರೀಡೆಯಾಗಿತ್ತು. ಅದರ ಕೊನೆಯಲ್ಲಿ ಸೇರಿಸಿದ್ದ ಕಲ್ಪನಾಲೋಕದ ಅನುಬಂಧದಲ್ಲಿ ಮಾಂತ್ರಿಕನ ಬೆಂಕಿಯುಂಡೆ ದೊಡ್ಡ ಕವಣೆಯಂತ್ರದಷ್ಟು ಜಾಗವನ್ನೂ ಸಿಡಿಲು ಭಾರಿ ಫಿರಂಗಿಯಷ್ಟು ಜಾಗವನ್ನೂ ಹೊಡೆಯುತ್ತದೆಂದು ನಿಗದಿಯಾಗಿತ್ತು. ಸಾವಿರ ಜನರ ಸೇನೆಯ ನಡುವೆ ಒಬ್ಬ ಮಾಂತ್ರಿಕ ಒಂದು ತೋಪಿನಂತೆ ನಿಂತರೆ ಯಾರಿಗೂ ತಕರಾರಿಲ್ಲ. ಆದರೆ ಮಿನ್ನೆಸೋಟದ ಡೇವ್ ಆರ್ನೆಸನ್ ತಮ್ಮ ಬ್ಲ್ಯಾಕ್‌ಮೂರ್ ಆಟದಲ್ಲಿ ಸೇನೆಯನ್ನು ಬಿಟ್ಟು ಒಬ್ಬೊಬ್ಬ ವ್ಯಕ್ತಿಯ ಕಥೆಯ ಕಡೆಗೆ ಹೊರಳಿ, ಆ ಪ್ರಯೋಗವನ್ನು ಗೈಗ್ಯಾಕ್ಸ್ ಅವರೊಂದಿಗೆ ಸೇರಿ 1974ರಲ್ಲಿ ಡಂಜನ್ಸ್ ಅಂಡ್ ಡ್ರ್ಯಾಗನ್ಸ್ ಎಂಬ ಮೂರು ಕಿರುಪುಸ್ತಕಗಳ ಆಟವಾಗಿ ಹೊರತಂದಾಗ ಪರಿಸ್ಥಿತಿ ಬದಲಾಯಿತು. ನೆಲಮಾಳಿಗೆಯ ಕತ್ತಲಲ್ಲಿ ನಾಲ್ವರು ಹೋಗುತ್ತಿರುವಾಗ ಅವರಲ್ಲೊಬ್ಬ ಫಿರಂಗಿಯಾಗಿದ್ದರೆ ಉಳಿದ ಮೂವರಿಗೆ ಕೆಲಸವೇನು? ಆ ಫಿರಂಗಿಗೆ ಮದ್ದುಗುಂಡಿನ ಮಿತಿ ಹಾಕಲೇಬೇಕಾಯಿತು, ಮತ್ತು ಅದನ್ನು ಹಾಕುವ ಉಪಾಯ ಸಿಕ್ಕಿದ್ದು ಒಂದು ಕಥಾಸಂಕಲನದಲ್ಲಿ.

ಅಮೆರಿಕದ ಕಥೆಗಾರ ಜ್ಯಾಕ್ ವ್ಯಾನ್ಸ್ ಅವರ ದ ಡೈಯಿಂಗ್ ಅರ್ತ್ ಪ್ರಕಟವಾದದ್ದು 1950ರಲ್ಲಿ. ಸೂರ್ಯನೇ ಆರಿಹೋಗುತ್ತಿರುವ ದೂರದ ಭವಿಷ್ಯದಲ್ಲಿ ನಡೆಯುವ ಆ ಕಥೆಗಳ ಮಾಂತ್ರಿಕರು ಗ್ರಂಥ ತೆರೆದು ಮಂತ್ರವನ್ನು ಪ್ರಯಾಸದಿಂದ ತಲೆಯೊಳಗೆ ತುಂಬಿಕೊಳ್ಳುತ್ತಾರೆ. ಉಚ್ಚರಿಸಿದ ಕೂಡಲೇ ಅದು ಮನಸ್ಸಿನಿಂದ ಅಳಿಸಿಹೋಗುತ್ತದೆ. ಮಝಿರಿಯನ್ ಎಂಬ ಪಾತ್ರಕ್ಕೆ ಅತಿಘೋರವಾದ ನಾಲ್ಕು ಮಂತ್ರಗಳನ್ನೋ ಅದಕ್ಕಿಂತ ಸಣ್ಣವಾದ ಆರು ಮಂತ್ರಗಳನ್ನೋ ಹಿಡಿದಿಟ್ಟುಕೊಳ್ಳುವುದಷ್ಟೇ ಸಾಧ್ಯ. ಈ ಕಲ್ಪನೆಯನ್ನು ಗೈಗ್ಯಾಕ್ಸ್ ಎತ್ತಿಕೊಂಡರು, ಋಣವನ್ನು ಬಹಿರಂಗವಾಗಿ ಒಪ್ಪಿಕೊಂಡರು, ಆಟದ ಕುಖ್ಯಾತ ಮಾಂತ್ರಿಕನೊಬ್ಬನಿಗೆ ವ್ಯಾನ್ಸ್ ಹೆಸರಿನ ಅಕ್ಷರಗಳನ್ನೇ ಅದಲುಬದಲು ಮಾಡಿ ವೆಕ್ನಾ ಎಂಬ ಹೆಸರೂ ಬಂತು; ಒಮ್ಮೆ ಪಠಿಸಿ ಮರೆಯುವ ಈ ಪದ್ಧತಿಗೆ ಇಂದಿಗೂ ಆಟಗಾರರ ಬಾಯಲ್ಲಿ ವ್ಯಾನ್ಸಿಯನ್ ಪದ್ಧತಿ ಎಂದೇ ಹೆಸರು. ಒಂದೇ ಸಲ ಬಳಸಬಹುದಾದ ಅಸ್ತ್ರ ಎಂಬ ಕಲ್ಪನೆ ಭಾರತೀಯ ಓದುಗರಿಗೆ ಹೊಸದಲ್ಲ. ಇಂದ್ರನಿಂದ ಪಡೆದ ಶಕ್ತ್ಯಾಯುಧವನ್ನು ಅರ್ಜುನನಿಗೆಂದೇ ಕಾದಿರಿಸಿಕೊಂಡಿದ್ದ ಕರ್ಣ, ರಾತ್ರಿಯುದ್ಧದಲ್ಲಿ ಅದನ್ನು ಘಟೋತ್ಕಚನ ಮೇಲೆ ವ್ಯಯಿಸುವಂತಾದದ್ದು ಕೃಷ್ಣನ ಗೆಲುವು. ಆ ಪ್ರಸಂಗದ ಬಿಗಿಯೆಲ್ಲ ಅಸ್ತ್ರದ ಶಕ್ತಿಯಲ್ಲಿಲ್ಲ, ಅದು ಎರಡನೆಯ ಸಲ ಇರುವುದಿಲ್ಲ ಎಂಬುದರಲ್ಲಿದೆ. ವ್ಯಾನ್ಸಿಯನ್ ನಿಯಮ ಆಟಕ್ಕೆ ಕೊಟ್ಟದ್ದು ಇದೇ ಬಿಗಿಯನ್ನು. ಕೈಯಲ್ಲಿರುವುದನ್ನು ಈಗಲೇ ಖರ್ಚು ಮಾಡುವುದೋ, ಮುಂದಿನ ಬಾಗಿಲಿನಾಚೆ ಏನಿದೆಯೋ ಎಂದು ಕೂಡಿಡುವುದೋ ಎಂಬ ಹೊಯ್ದಾಟ ಪ್ರತಿಯೊಂದು ಕಾಳಗದಲ್ಲೂ ಮರುಕಳಿಸುತ್ತದೆ.

ಈ ನಿಯಮದ ಕಟ್ಟುನಿಟ್ಟಾದ ರೂಪವನ್ನು ನೋಡಬೇಕಾದರೆ ಅಡ್ವಾನ್ಸ್‌ಡ್ ಡಂಜನ್ಸ್ ಅಂಡ್ ಡ್ರ್ಯಾಗನ್ಸ್ ಹೆಸರಿನಲ್ಲಿ 1978 ಮತ್ತು 1979ರಲ್ಲಿ ಬಂದ ಆಟಗಾರರ ಹಾಗೂ ನಿರ್ವಾಹಕರ ಕೈಪಿಡಿಗಳನ್ನು ತೆರೆಯಬೇಕು. ಅಲ್ಲಿ ಮಾಂತ್ರಿಕನಾಗಿ ಆಟಕ್ಕಿಳಿಯುವವನ ಪ್ರಾಣಾಂಕವನ್ನು, ಅಂದರೆ ಎಷ್ಟು ಪೆಟ್ಟು ತಾಳಬಲ್ಲನೆಂಬ ಅಂಕಿಯನ್ನು, ನಾಲ್ಕು ಮುಖದ ದಾಳ ನಿರ್ಧರಿಸುತ್ತದೆ; ಅವನಿಗೆ ದಿನಕ್ಕೆ ಒಂದೇ ಮಂತ್ರ. ಅದನ್ನು ಪ್ರಯೋಗಿಸಿದ ಮೇಲೆ ಅವನು ಆ ದಿನವೆಲ್ಲ ಕಠಾರಿ ಹಿಡಿದು ಗೆಳೆಯರ ಬೆನ್ನ ಹಿಂದೆ ನಿಲ್ಲಬೇಕು. ಹೀಗೆ ಜೀವ ಉಳಿಸಿಕೊಂಡು ಐದನೆಯ ಮಟ್ಟಕ್ಕೆ ಏರಿದರೆ ಮೊದಲ ದರ್ಜೆಯ ನಾಲ್ಕು, ಎರಡನೆಯ ದರ್ಜೆಯ ಎರಡು, ಮೂರನೆಯ ದರ್ಜೆಯ ಒಂದು ಮಂತ್ರ ಸಿಗುತ್ತವೆ. ಬಹುಕಾಲದಿಂದ ಕಾದ ಬೆಂಕಿಯುಂಡೆ ಇರುವುದು ಈ ಮೂರನೆಯ ದರ್ಜೆಯಲ್ಲಿ. ಪ್ರತಿ ಮಂತ್ರವನ್ನು ಬಾಯಿಪಾಠ ಮಾಡಲು ಅದರ ದರ್ಜೆಯೊಂದಕ್ಕೆ ಕಾಲು ಗಂಟೆಯಂತೆ ಸಮಯ ಬೇಕಾದ್ದರಿಂದ, ಎಲ್ಲವನ್ನೂ ಖಾಲಿ ಮಾಡಿಕೊಂಡ ಐದನೆಯ ಮಟ್ಟದ ಮಾಂತ್ರಿಕ ಆರು ಗಂಟೆಯ ವಿಶ್ರಾಂತಿಯ ನಂತರ ಮತ್ತೆ 165 ನಿಮಿಷ, ಅಂದರೆ ಎರಡೂ ಮುಕ್ಕಾಲು ಗಂಟೆ, ಪುಸ್ತಕದ ಮುಂದೆ ಕೂರಬೇಕು. ಬೆಳಿಗ್ಗೆ ಯಾವ ಮಂತ್ರವನ್ನು ಎಷ್ಟು ಸಲ ಪಾಠ ಮಾಡಿದ್ದಾನೋ ಅಷ್ಟೇ ಅವನ ಗಂಟು. ಬೀಗ ತೆಗೆಯುವ ಮಂತ್ರವನ್ನು ಬಿಟ್ಟು ಬೆಂಕಿಯನ್ನೇ ತುಂಬಿಕೊಂಡು ಬಂದವನು ಬೀಗದ ಮುಂದೆ ಕೈಚೆಲ್ಲಿ ನಿಲ್ಲುತ್ತಾನೆ.

ಪ್ರಯೋಗದ ಗಳಿಗೆಯಲ್ಲೂ ಬೆಲೆ ತೆರಬೇಕಿತ್ತು. ಆ ಪುಸ್ತಕಗಳ ಪ್ರಕಾರ ಕಾಳಗದ ಒಂದು ಸುತ್ತು ಒಂದು ನಿಮಿಷ; ಅದರಲ್ಲಿ ಆರಾರು ಸೆಕೆಂಡಿನ ಹತ್ತು ತುಣುಕುಗಳು. ಬೆಂಕಿಯುಂಡೆಗೆ ಇಂತಹ ಮೂರು ತುಣುಕುಗಳು ಬೇಕು, ಮತ್ತು ಅಷ್ಟರೊಳಗೆ ಶತ್ರುವಿನ ಒಂದು ಬಾಣ ತಗುಲಿದರೂ ಮಂತ್ರ ಕೆಟ್ಟು, ಸ್ಮರಣೆಯಿಂದಲೂ ಹಾರಿಹೋಗುತ್ತದೆ. ಇಷ್ಟಲ್ಲದೆ ಮಂತ್ರಕ್ಕೆ ಮೂರು ಅಂಗಗಳಿದ್ದವು: ಉಚ್ಚಾರ, ಹಸ್ತಮುದ್ರೆ ಮತ್ತು ದ್ರವ್ಯ. ಬಾಯಿ ಕಟ್ಟಿದರೆ ಉಚ್ಚಾರವಿಲ್ಲ, ಕೈ ಕಟ್ಟಿದರೆ ಮುದ್ರೆಯಿಲ್ಲ. ದ್ರವ್ಯಗಳ ವಿಷಯದಲ್ಲಿ ಮಾತ್ರ ಗೈಗ್ಯಾಕ್ಸ್ ಸ್ವಲ್ಪ ತಮಾಷೆಗೆ ಇಳಿದಂತೆ ತೋರುತ್ತದೆ. ಬೆಂಕಿಯುಂಡೆಗೆ ಬಾವಲಿಯ ಹಿಕ್ಕೆ ಮತ್ತು ಗಂಧಕ, ಅಂದರೆ ಹೆಚ್ಚುಕಡಿಮೆ ಕೋವಿಮದ್ದಿನ ಸಾಮಗ್ರಿ. ಸಿಡಿಲಿಗೆ ತುಪ್ಪಟದ ತುಂಡು ಮತ್ತು ಗಾಜಿನ ಕಡ್ಡಿ, ಅಂದರೆ ಶಾಲೆಯಲ್ಲಿ ಸ್ಥಾಯೀ ವಿದ್ಯುತ್ ತೋರಿಸಲು ಉಜ್ಜುವ ವಸ್ತುಗಳು. ಎಲ್ಲ ಭಾಷೆಗಳನ್ನೂ ಅರಿಯುವ ಮಂತ್ರಕ್ಕೆ ಬಾಬೆಲ್ ಗೋಪುರವನ್ನು ನೆನಪಿಸುವ ಮಣ್ಣಿನ ಪುಟ್ಟ ಗೋಪುರ. ಇವನ್ನೆಲ್ಲ ನಿಜವಾಗಿ ಲೆಕ್ಕವಿಟ್ಟು ಆಡಿದ ಗುಂಪುಗಳು ಕಡಿಮೆಯೇ ಇರಬೇಕು, ಆದರೂ ಕೈಪಿಡಿಯ ಓದಿಗೆ ಇವು ಕೊಟ್ಟ ರುಚಿ ದೊಡ್ಡದು.

ಬೆಲೆ ಇಷ್ಟು ದುಬಾರಿಯಾಗಿದ್ದರೂ ಮಾಂತ್ರಿಕನನ್ನು ಜನ ಆರಿಸಿಕೊಳ್ಳುತ್ತಿದ್ದುದು ಮುಂದಿನ ಲಾಭದ ಆಸೆಯಿಂದ. ಬೆಂಕಿಯುಂಡೆಯ ಪೆಟ್ಟನ್ನು ಮಾಂತ್ರಿಕನ ಮಟ್ಟಕ್ಕೊಂದರಂತೆ ಆರು ಮುಖದ ದಾಳಗಳನ್ನು ಉರುಳಿಸಿ ಎಣಿಸುತ್ತಿದ್ದರು. ಅದಕ್ಕೆ ಹತ್ತು ದಾಳಗಳ ಮೇಲ್ಮಿತಿ ಬಂದದ್ದು 1989ರ ಎರಡನೆಯ ಆವೃತ್ತಿಯಲ್ಲಿ. ಮಟ್ಟ ಏರಿದಂತೆ ಒಂದೊಂದು ಮಂತ್ರವೂ ಬಲಿಯುತ್ತದೆ, ಮಂತ್ರಗಳ ಸಂಖ್ಯೆಯೂ ಬೆಳೆಯುತ್ತದೆ, ಮೇಲಾಗಿ ಹೊಸ ದರ್ಜೆಗಳೂ ತೆರೆದುಕೊಳ್ಳುತ್ತವೆ. ಕತ್ತಿ ಹಿಡಿದವನಾದರೋ ಮೆಟ್ಟಿಲು ಮೆಟ್ಟಿಲಾಗಿ ಮೇಲೇರುತ್ತಾನಷ್ಟೆ. ಯೋಧನದು ಸರಳರೇಖೆ, ಮಾಂತ್ರಿಕನದು ವರ್ಗಫಲ ಎಂದು ಆಟಗಾರರು ಹೇಳಿಕೊಳ್ಳುವ ಮಾತು ಇದನ್ನೇ ಕುರಿತದ್ದು. ಎಳವೆಯ ದೌರ್ಬಲ್ಯವನ್ನು ಮುಪ್ಪಿನ ಪ್ರಾಬಲ್ಯದಿಂದ ತೂಗಿಸುವ ಈ ನ್ಯಾಯ, ಎಲ್ಲರೂ ಮೊದಲ ಮಟ್ಟದಿಂದ ಕೊನೆಯವರೆಗೆ ವರ್ಷಗಟ್ಟಲೆ ಆಡಿದರೆ ಮಾತ್ರ ನ್ಯಾಯವೆನ್ನಿಸೀತು. ಮೂರು ತಿಂಗಳಿಗೆ ಮುಗಿಯುವ ಆಟದಲ್ಲಿ ಮಾಂತ್ರಿಕ ಬರೀ ಸಾಲ ತೀರಿಸಿ ಹೋಗುತ್ತಾನೆ. ಹತ್ತನೆಯ ಮಟ್ಟದಿಂದ ಶುರುವಾಗುವ ಆಟದಲ್ಲಿ ಸಾಲವನ್ನೇ ಮಾಡದೆ ಬಡ್ಡಿ ಎಣಿಸುತ್ತಾನೆ.

ಮರೆವಿನ ನಿಯಮದ ವಿರುದ್ಧ ಅಸಮಾಧಾನ ಆಟದಷ್ಟೇ ಹಳೆಯದು. ಓದಿ ಕಲಿತ ವಿದ್ಯೆ ಒಮ್ಮೆ ಬಳಸಿದ ಮಾತ್ರಕ್ಕೆ ಮರೆತುಹೋಗುವುದೆಂದರೇನು ಎಂಬ ಪ್ರಶ್ನೆಗೆ 1975ರಲ್ಲೇ ಒಂದು ಉತ್ತರ ಬಂತು. ಅರಿಝೋನದ ಕೆನ್ ಸೇಂಟ್ ಆಂಡ್ರೆ ಬರೆದ ಟನಲ್ಸ್ ಅಂಡ್ ಟ್ರೋಲ್ಸ್ ಎಂಬ ಆಟದಲ್ಲಿ ಮಾಂತ್ರಿಕ ಮಂತ್ರ ಹಾಕಿದಾಗಲೆಲ್ಲ ಅವನ ದೇಹಬಲದ ಅಂಕಿ ತಾತ್ಕಾಲಿಕವಾಗಿ ಇಳಿಯುತ್ತದೆ, ದಣಿವಾರಿದಂತೆ ಮತ್ತೆ ಏರುತ್ತದೆ. ಬೆಲೆ ಸ್ಮರಣೆಯಿಂದ ಮೈಗೆ ವರ್ಗವಾಯಿತು. 1978ರ ರೂನ್‌ಕ್ವೆಸ್ಟ್ ಇನ್ನೂ ಒಂದು ಹೆಜ್ಜೆ ಮುಂದೆ ಹೋಗಿ, ಗ್ರೆಗ್ ಸ್ಟ್ಯಾಫರ್ಡ್ ಕಲ್ಪಿಸಿದ ಗ್ಲೋರಾಂಥ ಎಂಬ ಲೋಕದಲ್ಲಿ ಮಂತ್ರವನ್ನು ಒಂದು ವೃತ್ತಿಯವರ ಸೊತ್ತಾಗಿ ಉಳಿಸದೆ ಎಲ್ಲರಿಗೂ ಹಂಚಿತು. ರೈತನೂ ಸೈನಿಕನೂ ತನ್ನ ಅಂತಃಶಕ್ತಿಯ ಒಂದೆರಡು ಅಂಕ ವ್ಯಯಿಸಿ ಕತ್ತಿಯನ್ನು ಹರಿತಗೊಳಿಸಿಕೊಳ್ಳಬಲ್ಲ. ಒಬ್ಬನ ಮೇಲೆ ಮಂತ್ರ ಹಾಕುವಾಗ ಇಬ್ಬರ ಶಕ್ತಿಯೂ ಸಮವಿದ್ದರೆ ಗೆಲುವಿನ ಸಂಭವ ನೂರಕ್ಕೆ 50, ಒಂದೊಂದು ಅಂಕದ ಅಂತರಕ್ಕೆ ಐದರಂತೆ ಏರಿಳಿತ. ಆದರೆ ದೈವದಿಂದ ದೊರೆಯುವ ದೊಡ್ಡ ಮಂತ್ರಗಳಿಗೆ ಶಕ್ತಿಯ ಅಂಕವನ್ನು ಶಾಶ್ವತವಾಗಿ ಅರ್ಪಿಸಬೇಕು, ಮತ್ತು ಪೂರ್ಣ ಪೌರೋಹಿತ್ಯ ಪಡೆಯದ ಭಕ್ತನಿಗೆ ಆ ಮಂತ್ರ ಒಂದೇ ಸಲ ಫಲಿಸುತ್ತದೆ. ವ್ಯಾನ್ಸ್‌ನನ್ನು ಬಾಗಿಲಿನಿಂದ ಕಳಿಸಿಕೊಟ್ಟವರೇ ಅವನನ್ನು ದೇವಾಲಯದ ಹಿತ್ತಲಿನಿಂದ ಒಳಕ್ಕೆ ಕರೆದುಕೊಂಡಂತಿದೆ ಇದು.

ಅಂಕಗಳನ್ನು ಖರ್ಚು ಮಾಡುವ ಪದ್ಧತಿ ಸಹಜವೆನ್ನಿಸುತ್ತದೆ, ಎಣಿಸಲು ಸುಲಭ, ಗಣಕಯಂತ್ರದ ಆಟಗಳಲ್ಲಿ ಹೆಚ್ಚಿನವು ಅದನ್ನೇ ಅಪ್ಪಿಕೊಂಡವು. ಆದರೂ ಮೇಜಿನ ಮೇಲೆ ಅದು ಮೇಲುಗೈ ಸಾಧಿಸದೇ ಹೋದದ್ದಕ್ಕೆ ಕಾರಣವನ್ನು ಲೆಕ್ಕದಲ್ಲೇ ತೋರಿಸಬಹುದು. 2014ರ ಐದನೆಯ ಆವೃತ್ತಿಯಲ್ಲಿ ಐದನೆಯ ಮಟ್ಟದ ಮಾಂತ್ರಿಕನಿಗೆ ಮೊದಲ ದರ್ಜೆಯ ನಾಲ್ಕು, ಎರಡನೆಯದರ ಮೂರು, ಮೂರನೆಯದರ ಎರಡು ಸ್ಲಾಟುಗಳು ಇರುತ್ತವೆ; ಸ್ಲಾಟ್ ಎಂದರೆ ಒಂದು ಮಂತ್ರವನ್ನು ಒಂದು ಸಲ ಪ್ರಯೋಗಿಸಲು ಬೇಕಾದ ಅವಕಾಶ. ಅದೇ ಆವೃತ್ತಿಯ ನಿರ್ವಾಹಕರ ಕೈಪಿಡಿ, ಬೇಕೆನ್ನುವವರಿಗಾಗಿ, ಸ್ಲಾಟಿಗೆ ಬದಲು ಅಂಕ ಬಳಸುವ ಪರ್ಯಾಯವನ್ನೂ ಕೊಡುತ್ತದೆ; ಮೊದಲ ದರ್ಜೆಗೆ ಎರಡು, ಎರಡನೆಯದಕ್ಕೆ ಮೂರು, ಮೂರನೆಯದಕ್ಕೆ ಐದು ಅಂಕಗಳಂತೆ ಮೇಲಿನ ಸ್ಲಾಟುಗಳ ಒಟ್ಟು ಬೆಲೆ 27 ಆಗುತ್ತದೆ. ಸ್ಲಾಟಿನಲ್ಲಿ ಆಡುವವನಿಗೆ ದಿನಕ್ಕೆ ಎರಡು ಬೆಂಕಿಯುಂಡೆ. ಅಂಕದಲ್ಲಿ ಆಡುವವನಿಗೆ ಐದು ಬೆಂಕಿಯುಂಡೆ, ಮೇಲೆ ಎರಡು ಅಂಕ ಮಿಗುತ್ತದೆ. ಮೊದಲಿನವನು ಎರಡು ಉಂಡೆ ಎಸೆದ ಮೇಲೆ ಮಂಜು ಕವಿಸುವುದೋ, ಶತ್ರುವನ್ನು ನಿದ್ದೆಗೆ ಕೆಡವುವುದೋ, ಗೋಡೆ ಹತ್ತುವುದೋ ಎಂದು ತಲೆ ಕೆರೆದುಕೊಳ್ಳಬೇಕಾಗುತ್ತದೆ. ಎರಡನೆಯವನಿಗೆ ಆ ಗೋಜಿಲ್ಲ. ಒಂದೇ ನಾಣ್ಯ ಎಲ್ಲ ಅಂಗಡಿಗಳಲ್ಲೂ ನಡೆಯುವುದಾದರೆ ಎಲ್ಲರೂ ಅತ್ಯುತ್ತಮ ಸರಕನ್ನೇ ಕೊಳ್ಳುತ್ತಾರೆ, ವಿಚಿತ್ರವಾದ ಸಣ್ಣ ಸರಕು ಅಟ್ಟದ ಮೇಲೆ ಧೂಳು ತಿನ್ನುತ್ತದೆ. ನಗೆಪಾಟಲಿಗೆ ಗುರಿಯಾದ ವ್ಯಾನ್ಸಿಯನ್ ಖಾನೆಗಳು ಮಂತ್ರದ ವಿವರಣೆಯಾಗಿ ಎಷ್ಟೇ ಅಸಂಗತವಾಗಿರಲಿ, ಆಟಗಾರನ ಕೈಯಿಂದ ವೈವಿಧ್ಯವನ್ನು ಹೊರಡಿಸುವ ಸಾಧನವಾಗಿ ಅವನ್ನು ಮೀರಿಸಿದ್ದು ಹೆಚ್ಚೇನೂ ಬಂದಿಲ್ಲ.

ಮೂರನೆಯ ದಾರಿ ಬೆಲೆಯನ್ನು ಮುಂಗಡ ಪಡೆಯುವುದನ್ನೇ ಬಿಟ್ಟು ಅದನ್ನು ಅಪಾಯವಾಗಿ ಮಾರ್ಪಡಿಸುತ್ತದೆ. ಲವ್‌ಕ್ರಾಫ್ಟ್ ಅವರ ಭಯಾನಕ ಕಥೆಗಳನ್ನು ಆಧರಿಸಿದ 1981ರ ಕಾಲ್ ಆಫ್ ಕತುಲ್ಹು ಎಂಬ ಆಟದಲ್ಲಿ ಮಂತ್ರ ಹಾಕಿದವನ ಬುದ್ಧಿಸ್ವಾಸ್ಥ್ಯವೇ ಸವೆಯುತ್ತದೆ, ಅಲ್ಲಿ ಮಂತ್ರ ಕಲಿಯುವುದೆಂದರೆ ಆಟದಿಂದ ಹೊರಹೋಗುವ ದಾರಿಯಲ್ಲಿ ನಡೆಯತೊಡಗುವುದು. ವಾರ್‌ಹ್ಯಾಮರ್ ಲೋಕದ ಪಾತ್ರಧಾರಣೆಯ ಆಟದ 2005ರ ಆವೃತ್ತಿಯಲ್ಲಿ ಮಾಂತ್ರಿಕ ತನ್ನ ಸಾಮರ್ಥ್ಯಕ್ಕೆ ತಕ್ಕಷ್ಟು ಹತ್ತು ಮುಖದ ದಾಳಗಳನ್ನು ಉರುಳಿಸಿ ಕೂಡುತ್ತಾನೆ. ಎರಡು ದಾಳಗಳಲ್ಲಿ ಒಂದೇ ಅಂಕಿ ಬಿದ್ದರೆ ಸಣ್ಣ ಅನಿಷ್ಟ, ಮೂರರಲ್ಲಿ ಬಿದ್ದರೆ ದೊಡ್ಡದು, ನಾಲ್ಕರಲ್ಲಿ ಬಿದ್ದರೆ ಅನಾಹುತ. ದಾಳ ಹೆಚ್ಚಿದಷ್ಟೂ ಮಂತ್ರ ಫಲಿಸುವ ಸಂಭವ ಹೆಚ್ಚು, ಅಂಕಿಗಳು ಜೋಡಿಯಾಗುವ ಸಂಭವವೂ ಹೆಚ್ಚು; ಶಕ್ತಿವಂತನೇ ಹೆಚ್ಚು ಅಪಾಯಕಾರಿ ಎಂಬ ತತ್ವವನ್ನು ಇಷ್ಟು ಚೊಕ್ಕವಾಗಿ ದಾಳದೊಳಗೇ ಅಡಗಿಸಿದ ನಿಯಮ ಅಪರೂಪ. 2012ರ ಡಂಜನ್ ಕ್ರಾಲ್ ಕ್ಲಾಸಿಕ್ಸ್ ಇದನ್ನು ಅತಿರೇಕಕ್ಕೆ ಒಯ್ದು, ಒಂದೊಂದು ಮಂತ್ರಕ್ಕೂ ಪ್ರತ್ಯೇಕವಾದ ಉದ್ದನೆಯ ಫಲಪಟ್ಟಿಯನ್ನು ಒದಗಿಸಿತು. ಇಪ್ಪತ್ತು ಮುಖದ ದಾಳದಲ್ಲಿ ಒಂದು ಬಿದ್ದರೆ ಮಂತ್ರ ತಿರುಗಿಬೀಳುವುದಲ್ಲದೆ ಮಾಂತ್ರಿಕನ ಮೈಯೇ ವಿಕಾರಗೊಳ್ಳಬಹುದು, ತನ್ನ ಬಲ, ಚುರುಕು, ತಾಳಿಕೆಗಳ ಅಂಕವನ್ನು ಸುಟ್ಟುಕೊಂಡು ಅವನು ದಾಳದ ಮೊತ್ತವನ್ನು ಏರಿಸಿಕೊಳ್ಳಲೂಬಹುದು. ಮಂತ್ರ ಭಯಂಕರವಾಗಿರಬೇಕು ಎನ್ನುವವರಿಗೆ ಇವು ಪ್ರಿಯ. ಆದರೆ ಗುಂಪಿನ ಒಬ್ಬನ ದಾಳ ಎಲ್ಲರ ಕಥೆಯನ್ನೂ ಬುಡಮೇಲು ಮಾಡಬಲ್ಲ ಇಂತಹ ಆಟ ವಾರ ವಾರವೂ ವರ್ಷಗಟ್ಟಲೆ ನಡೆಯುವುದು ಕಷ್ಟ, ನಿಯಮದ ಸೊಗಸೂ ಪುಸ್ತಕ ಮತ್ತೆ ಮತ್ತೆ ತಿರುವುವಷ್ಟರಲ್ಲಿ ಸ್ವಲ್ಪ ಮಂಕಾಗುತ್ತದೆ.

ಮೇಲಿನ ಎಲ್ಲ ಪದ್ಧತಿಗಳೂ ಮಂತ್ರಗಳ ಸಿದ್ಧ ಪಟ್ಟಿಯೊಂದನ್ನು ಒಪ್ಪಿಕೊಂಡು ಹೊರಡುತ್ತವೆ. ಆ ಪಟ್ಟಿಯನ್ನೇ ಪ್ರಶ್ನಿಸಿದ್ದು ಜೊನಾಥನ್ ಟ್ವೀಟ್ ಮತ್ತು ಮಾರ್ಕ್ ರೈನ್‌ಹ್ಯಾಗನ್ 1987ರಲ್ಲಿ ರೂಪಿಸಿದ ಆರ್ಸ್ ಮ್ಯಾಜಿಕ. ಪುರಾಣಗಳು ನಿಜವಾಗಿರುವ ಮಧ್ಯಯುಗದ ಯೂರೋಪಿನಲ್ಲಿ ನಡೆಯುವ ಈ ಆಟದ ಮಂತ್ರವಿದ್ಯೆ ಲ್ಯಾಟಿನ್ ವ್ಯಾಕರಣದ ಮೇಲೆ ನಿಂತಿದೆ: ಸೃಷ್ಟಿಸು, ಗ್ರಹಿಸು, ಮಾರ್ಪಡಿಸು, ನಾಶಮಾಡು, ನಿಯಂತ್ರಿಸು ಎಂಬ ಐದು ಕ್ರಿಯೆಗಳು, ಬೆಂಕಿ, ನೀರು, ಗಾಳಿ, ಮಣ್ಣು, ಸಸ್ಯ, ಪ್ರಾಣಿ, ಮಾನವದೇಹ, ಮನಸ್ಸು, ಇಂದ್ರಿಯಗೋಚರ ಬಿಂಬ, ಶುದ್ಧ ಶಕ್ತಿ ಎಂಬ ಹತ್ತು ನಾಮಗಳು. ಒಂದು ಕ್ರಿಯೆ, ಒಂದು ನಾಮ ಕೂಡಿದರೆ ಒಂದು ಮಂತ್ರ. ಸೃಷ್ಟಿಯಲ್ಲಿ ಹತ್ತು, ಬೆಂಕಿಯಲ್ಲಿ ಎಂಟು, ತಾಳಿಕೆಯಲ್ಲಿ ಎರಡು ಅಂಕ ಪಡೆದ ಮಾಂತ್ರಿಕನ ದಾಳದಲ್ಲಿ ಆರು ಬಿತ್ತೆಂದುಕೊಂಡರೆ ಒಟ್ಟು 26. 2004ರ ಐದನೆಯ ಆವೃತ್ತಿಯ ಪ್ರಕಾರ, ಅವನು ಮೊದಲೇ ಅಭ್ಯಾಸ ಮಾಡಿ ಸೂತ್ರಬದ್ಧಗೊಳಿಸಿಕೊಂಡ ಇಪ್ಪತ್ತರ ದರ್ಜೆಯ ಅಗ್ನಿಶೂಲವನ್ನು ಸಲೀಸಾಗಿ ಎಸೆಯುತ್ತಾನೆ. ಮೂವತ್ತೈದರ ದರ್ಜೆಯ ಅಗ್ನಿಗೋಲಕ್ಕೆ ಒಂಬತ್ತು ಕಡಿಮೆ ಬಿದ್ದರೂ ಕೊರತೆ ಹತ್ತರೊಳಗೇ ಇರುವುದರಿಂದ ಅದು ಫಲಿಸುತ್ತದೆ, ಅವನು ಒಂದು ಹಂತ ದಣಿಯುತ್ತಾನೆ. ಅಭ್ಯಾಸವಿಲ್ಲದ್ದನ್ನು ಆ ಗಳಿಗೆಯಲ್ಲೇ ಹೊಸೆಯಲು ಹೊರಟರೆ, ದಣಿವನ್ನು ಒಪ್ಪಿಕೊಂಡೂ ಮೊತ್ತ ಅರ್ಧಕ್ಕಿಳಿದು ಹದಿಮೂರಾಗುತ್ತದೆ. ಇಲ್ಲಿ ನಿಜವಾದ ಬೆಲೆ ಕಾಲ. ಅಂಕಗಳು ಬೆಳೆಯುವುದು ಋತುಗಳ ಲೆಕ್ಕದ ಅಧ್ಯಯನದಿಂದ. ಸಾಹಸಕ್ಕೆ ಹೊರಟರೆ ಪುಸ್ತಕದ ಮುಂದಿನ ಒಂದು ಋತು ನಷ್ಟ. ಹಾಗಾಗಿ ಮಾಂತ್ರಿಕ ಪ್ರಯೋಗಶಾಲೆಯಿಂದ ಹೊರಬರಲು ಒಲ್ಲದ ಪಂಡಿತನಂತೆ ವರ್ತಿಸತೊಡಗುತ್ತಾನೆ, ಅದನ್ನು ಯಾರೂ ಅವನಿಗೆ ಬರೆದುಕೊಟ್ಟಿರುವುದಿಲ್ಲ. ನಿಯಮವೊಂದು ಸ್ವಭಾವವನ್ನು ಸದ್ದಿಲ್ಲದೆ ಹುಟ್ಟಿಸಬಲ್ಲದು ಎಂಬುದಕ್ಕೆ ಇದಕ್ಕಿಂತ ಒಳ್ಳೆಯ ನಿದರ್ಶನ ಈ ಕ್ಷೇತ್ರದಲ್ಲಿ ಸಿಗಲಾರದು.

ರೈನ್‌ಹ್ಯಾಗನ್ ಸ್ಥಾಪಕರಲ್ಲೊಬ್ಬರಾಗಿದ್ದ ವೈಟ್ ವುಲ್ಫ್ ಸಂಸ್ಥೆ 1993ರಲ್ಲಿ ತಂದ ಮೇಜ್: ದ ಅಸೆನ್ಶನ್ ಪಟ್ಟಿಯನ್ನು ಪೂರ್ತಿ ಕೈಬಿಟ್ಟು, ವಾಸ್ತವವೆಂಬುದೇ ಜನಸಾಮಾನ್ಯರ ಒಮ್ಮತ ಎಂಬ ದರ್ಶನದ ಮೇಲೆ ಆಟ ಕಟ್ಟಿತು. ಕಾಕತಾಳೀಯವೆಂದು ನಂಬಬಹುದಾದ ಮಂತ್ರ ಅಗ್ಗ. ಹಾಡುಹಗಲಲ್ಲಿ ಕೈಯಿಂದ ಬೆಂಕಿ ಉಗುಳಿದರೆ ಲೋಕವೇ ತಿರುಗಿಬಿದ್ದು ಪೆಟ್ಟು ಕೊಡುತ್ತದೆ. ಕಲ್ಪನೆ ಭವ್ಯವಾದದ್ದು, ಆದರೆ ಯಾವುದು ಕಾಕತಾಳೀಯ, ಯಾವುದಲ್ಲ ಎಂಬ ವಾದ ಪ್ರತಿ ಪ್ರಯೋಗದಲ್ಲೂ ಹೊಸದಾಗಿ ನಡೆಯಬೇಕಾದ್ದರಿಂದ ಇಲ್ಲಿ ಬೆಲೆಯನ್ನು ತೆರುವುದು ಪಾತ್ರಕ್ಕಿಂತ ಹೆಚ್ಚಾಗಿ ಆಟಗಾರನ ವಾಕ್ಚಾತುರ್ಯ.

ಇತ್ತ ಡಂಜನ್ಸ್ ಅಂಡ್ ಡ್ರ್ಯಾಗನ್ಸ್ ತನ್ನ ಬೆಲೆಯನ್ನು ಕಂತು ಕಂತಾಗಿ ಇಳಿಸುತ್ತಾ ಬಂತು. 1997ರಲ್ಲಿ ಹಳೆಯ ಪ್ರಕಾಶಕರನ್ನು ಕೊಂಡುಕೊಂಡ ವಿಝರ್ಡ್ಸ್ ಆಫ್ ದ ಕೋಸ್ಟ್ ಸಂಸ್ಥೆ 2000ದಲ್ಲಿ ಹೊರತಂದ ಮೂರನೆಯ ಆವೃತ್ತಿಯಲ್ಲಿ, ಪಾಠ ಮಾಡುವ ಅಗತ್ಯವಿಲ್ಲದೆ ತನಗೆ ಗೊತ್ತಿರುವ ಕೆಲವೇ ಮಂತ್ರಗಳನ್ನು ಬೇಕಾದಂತೆ ಬಳಸುವ ಸಾರ್ಸರರ್ ಎಂಬ ಹೊಸ ಪಾತ್ರವರ್ಗ ಬಂದದ್ದು ಎಲ್ಲರ ಕಣ್ಣಿಗೂ ಬಿತ್ತು. ಅದಕ್ಕಿಂತ ದೊಡ್ಡ ಬದಲಾವಣೆ ಅಷ್ಟಾಗಿ ಗಮನಕ್ಕೆ ಬರದೆ ನುಸುಳಿತು. ಮಂತ್ರದ ಹೊಡೆತದಿಂದ ಪಾರಾಗಲು ಗುರಿಯಾದವನು ಉರುಳಿಸುವ ದಾಳಕ್ಕೆ ಸೇವಿಂಗ್ ಥ್ರೋ ಎನ್ನುತ್ತಾರೆ. ಹಳೆಯ ಆಟದಲ್ಲಿ ಅವನು ಮುಟ್ಟಬೇಕಾದ ಅಂಕಿ ಅವನದೇ ವರ್ಗ ಮತ್ತು ಮಟ್ಟದಿಂದ ನಿಗದಿಯಾಗುತ್ತಿದ್ದುದರಿಂದ, ಶತ್ರುಗಳು ಬಲಿತಂತೆ ಮಾಂತ್ರಿಕನ ಕೈ ತಾನಾಗಿ ಸೋಲುತ್ತಿತ್ತು. ಹೊಸ ನಿಯಮ ಆ ಅಂಕಿಯನ್ನು ಹತ್ತು, ಮಂತ್ರದ ದರ್ಜೆ, ಮಾಂತ್ರಿಕನ ಬುದ್ಧಿಯ ಹೆಚ್ಚುವರಿ ಇವುಗಳ ಮೊತ್ತವಾಗಿಸಿತು, ಅಂದರೆ ಹಿಡಿತ ಮಾಂತ್ರಿಕನ ಕೈಗೆ ಬಂತು. ಹೆಚ್ಚಿನ ಮಂತ್ರಗಳು ಒಂದೇ ಕ್ರಿಯೆಯಲ್ಲಿ ಮುಗಿಯತೊಡಗಿದ್ದರಿಂದ ನಡುವೆ ಬಾಣ ತಗುಲಿ ಕೆಡುವ ಭಯವೂ ಬಹುಪಾಲು ತೊಲಗಿತು. ಬೇಲಿಗಳನ್ನು ಕಿತ್ತು ಹೊಲವನ್ನು ಹಾಗೇ ಬಿಟ್ಟಂತಾಗಿ, ದೊಡ್ಡ ಮಂತ್ರಗಳನ್ನೆಲ್ಲ ಮೊದಲ ಕಾಳಗದಲ್ಲೇ ಸುರಿದು ಕೂಡಲೇ ಬಿಡಾರ ಹೂಡಿ ಮಲಗುವ ಚಾಳಿ ಹಬ್ಬಿತು. ಅದಕ್ಕೆ ಹದಿನೈದು ನಿಮಿಷದ ದಿನ ಎಂಬ ಅಡ್ಡಹೆಸರು ಬಿತ್ತು. ದಿನಕ್ಕಿಷ್ಟು ಎಂಬ ಮಿತಿಯ ನಿಜವಾದ ಬಿರುಕು ಮರೆವಿನಲ್ಲಿರಲಿಲ್ಲ, ದಿನ ಯಾವಾಗ ಮುಗಿಯಬೇಕೆಂಬುದನ್ನು ಮಾಂತ್ರಿಕನೇ ತೀರ್ಮಾನಿಸಬಹುದು ಎಂಬುದರಲ್ಲಿತ್ತು.

ಈ ಬಿರುಕನ್ನು ನೇರವಾಗಿ ಮುಚ್ಚಲೆತ್ನಿಸಿದ್ದು 2008ರ ನಾಲ್ಕನೆಯ ಆವೃತ್ತಿ. ಎಷ್ಟು ಸಲ ಬೇಕಾದರೂ, ಕಾಳಗಕ್ಕೊಮ್ಮೆ, ದಿನಕ್ಕೊಮ್ಮೆ ಎಂಬ ಮೂರು ಬಗೆಯ ಶಕ್ತಿಗಳನ್ನು ಅದು ಮಾಂತ್ರಿಕನಿಗೂ ಯೋಧನಿಗೂ ಒಂದೇ ಅಳತೆಯಲ್ಲಿ ಹಂಚಿ, ಬಾಗಿಲು ಮುಚ್ಚುವುದು, ಸತ್ತವರೊಡನೆ ಮಾತಾಡುವುದು ಮುಂತಾದ ಕಾಳಗಕ್ಕೆ ಹೊರತಾದ ವಿದ್ಯೆಗಳನ್ನು ಹಣ ಮತ್ತು ಸಮಯ ಬೇಡುವ ಕರ್ಮವಿಧಿಗಳಾಗಿ ಬೇರ್ಪಡಿಸಿತು. ಲೆಕ್ಕ ಸರಿಹೋಯಿತು, ಮಂತ್ರದ ವಿಶೇಷವೇ ಹೊರಟುಹೋಯಿತು ಎಂಬ ದೂರು ಕೇಳಿಬಂತು. ಆ ದೂರಿನಲ್ಲಿ ಹಳೆಯ ಅಭ್ಯಾಸದ ಮೋಹವೂ ಇತ್ತು. ಆದರೂ ಎಲ್ಲರೂ ಒಂದೇ ಬೆಲೆ ತೆರುವಾಗ ಮಾಂತ್ರಿಕನನ್ನು ಆರಿಸಿಕೊಳ್ಳುವುದಕ್ಕೆ ಇರುವ ವಿಶಿಷ್ಟ ಕಾರಣವೇನು ಎಂಬ ಪ್ರಶ್ನೆಯನ್ನು ತಳ್ಳಿಹಾಕುವಂತಿಲ್ಲ.

2014ರ ಐದನೆಯ ಆವೃತ್ತಿ ಒಂದು ಜಾಣ ರಾಜಿ. ಮಾಂತ್ರಿಕ ಬೆಳಿಗ್ಗೆ ಕೆಲವು ಮಂತ್ರಗಳನ್ನು ಸಿದ್ಧಪಡಿಸಿಕೊಳ್ಳುತ್ತಾನೆ, ಆದರೆ ಯಾವುದನ್ನು ಎಷ್ಟು ಸಲ ಎಂದು ಮೊದಲೇ ಹೇಳಬೇಕಿಲ್ಲ. ಸ್ಲಾಟ್ ಖರ್ಚಾಗುತ್ತದೆ, ಮಂತ್ರ ನೆನಪಿನಲ್ಲೇ ಉಳಿಯುತ್ತದೆ. ಕ್ಯಾಂಟ್ರಿಪ್ ಎಂಬ ಪುಟ್ಟ ಮಂತ್ರಗಳಿಗೆ ಮಿತಿಯೇ ಇಲ್ಲವಾದ್ದರಿಂದ ಹಳೆಯ ಮಾಂತ್ರಿಕನ ಕಠಾರಿ ಬೊಕ್ಕಣಕ್ಕೆ ಸೇರಿತು. ಇಪ್ಪತ್ತನೆಯ ಮಟ್ಟ ಮುಟ್ಟಿದವನಿಗೂ ಇರುವುದು ಒಟ್ಟು 22 ಸ್ಲಾಟುಗಳು, ಮೇಲಿನ ಎರಡು ದರ್ಜೆಗಳಲ್ಲಿ ಒಂದೊಂದೇ. ಈ ಆವೃತ್ತಿಯ ಅತ್ಯುತ್ತಮ ನಿಯಮ ಏಕಾಗ್ರತೆಯದು: ಹಾರುವುದು, ಅದೃಶ್ಯನಾಗುವುದು, ಗೆಳೆಯನನ್ನು ಚುರುಕುಗೊಳಿಸುವುದು ಮುಂತಾಗಿ ಕೆಲಹೊತ್ತು ನಿಲ್ಲುವ ಬಹುಪಾಲು ಮಂತ್ರಗಳಲ್ಲಿ ಒಮ್ಮೆಗೆ ಒಂದನ್ನು ಮಾತ್ರ ಹಿಡಿದಿಟ್ಟುಕೊಳ್ಳಬಹುದು, ಪೆಟ್ಟು ಬಿದ್ದಾಗಲೆಲ್ಲ ಹತ್ತು ಅಥವಾ ಪೆಟ್ಟಿನ ಅರ್ಧ, ಇವೆರಡರಲ್ಲಿ ದೊಡ್ಡದಾದ ಅಂಕಿಯನ್ನು ದಾಳದಲ್ಲಿ ಮುಟ್ಟದಿದ್ದರೆ ಅದು ಕಳಚಿಹೋಗುತ್ತದೆ. ಮೂರನೆಯ ಆವೃತ್ತಿಯಲ್ಲಿ ಮಂತ್ರದ ಮೇಲೆ ಮಂತ್ರ ಹೇರಿಕೊಂಡು ಕಾಳಗಕ್ಕೆ ಬರುತ್ತಿದ್ದವರನ್ನು ಒಂದೇ ವಾಕ್ಯ ಅಂಕೆಗೆ ತಂದಿತು. 1978ರ ಬಾಣದ ಭಯವೂ ಮೆತ್ತಗಾಗಿ ಹಿಂದಿರುಗಿತು. ವಿಶ್ರಾಂತಿಯ ಬಿರುಕು ಮಾತ್ರ ಹಾಗೇ ಉಳಿಯಿತು. ನಿರ್ವಾಹಕರ ಕೈಪಿಡಿ ದಿನಕ್ಕೆ ಆರರಿಂದ ಎಂಟು ಕಾಳಗಗಳನ್ನು ಅಂದಾಜಿಸಿದ್ದು, ಸಂಜೆ ಮೂರು ತಾಸು ಆಡುವ ಗುಂಪಿಗೆ ಅದು ಹಲವು ವಾರಗಳ ಕೆಲಸ. ಒಂದೆರಡಕ್ಕೇ ದಿನ ಮುಗಿಸುವ ಕಡೆ ಸ್ಲಾಟು ಬೆಲೆಯಾಗಿ ಉಳಿಯುವುದಿಲ್ಲ. ಇದಕ್ಕೆಂದು ಅದೇ ಕೈಪಿಡಿ ಸೂಚಿಸಿದ ಪರ್ಯಾಯದಲ್ಲಿ ರಾತ್ರಿಯ ನಿದ್ದೆ ಕಿರುವಿಶ್ರಾಂತಿಯಾಗಿ, ಪೂರ್ಣವಿಶ್ರಾಂತಿಗೆ ಏಳು ದಿನ ಹಿಡಿಯುತ್ತದೆ.

ಬೆಲೆಯ ಚರ್ಚೆಯಲ್ಲಿ ಮರೆಯಬಾರದ ಇನ್ನೊಂದು ಅಂಶ ಮಂತ್ರದ ವಾಕ್ಯರಚನೆ. ಪ್ರತಿ ಮಂತ್ರವೂ ದೂರ, ವಿಸ್ತಾರ, ಅವಧಿ, ಅಂಗಗಳನ್ನು ನಮೂದಿಸಿದ ಒಂದು ಕರಾರುಪತ್ರ, ಅದನ್ನು ಓದುವ ಆಟಗಾರ ವಕೀಲ. 1978ರ ಬೆಂಕಿಯುಂಡೆ ಸುಮಾರು 33,000 ಘನ ಅಡಿ ಜಾಗವನ್ನು ತುಂಬಲೇಬೇಕಿತ್ತು. ಬಯಲಿನಲ್ಲಿ ಅದು ಗೋಳ, ಇಕ್ಕಟ್ಟಾದ ಓಣಿಯಲ್ಲಿ ಅದು ಹಿಂದಕ್ಕೂ ಮುಂದಕ್ಕೂ ಹರಿದು ಎಸೆದವನನ್ನೇ ಸುಡುತ್ತಿತ್ತು. ಈಗಿನದು 20 ಅಡಿ ತ್ರಿಜ್ಯದ ಶಿಸ್ತಿನ ಗೋಳ, ಎಂಟು ದಾಳಗಳ ಪೆಟ್ಟು, ಲೆಕ್ಕ ಮುಗಿಯಿತು. ಸತ್ತವರನ್ನು ಒಂದು ನಿಮಿಷದೊಳಗೆ ಬದುಕಿಸುವ ಮಂತ್ರಕ್ಕೆ 300 ಚಿನ್ನದ ನಾಣ್ಯಗಳ ವಜ್ರ, ಹತ್ತು ದಿನಗಳೊಳಗೆ ಬದುಕಿಸುವುದಕ್ಕೆ 500ರ ವಜ್ರ ಎಂದು ಬರೆದಿರುವುದರಿಂದ, ಸಾವು ಅಲ್ಲಿ ಆಭರಣದಂಗಡಿಯ ವ್ಯವಹಾರವಾಗಿಬಿಡುವ ಅಪಾಯವಿದೆ; ವಜ್ರಗಳು ಎಷ್ಟು ಸಿಗಬೇಕೆಂಬುದನ್ನು ತೀರ್ಮಾನಿಸುವ ನಿರ್ವಾಹಕರೇ ಹಾಗಾಗಿ ಮರಣದ ನಿಜವಾದ ಅಧಿಕಾರಿ. ಕೇಳಿದ್ದನ್ನೆಲ್ಲ ಕೊಡುವ ಒಂಬತ್ತನೆಯ ದರ್ಜೆಯ ವಿಶ್ ಮಂತ್ರದಲ್ಲಿ ಕರಾರು ಪೂರ್ತಿ ಬಿರಿಯುತ್ತದೆ: ಬೇರೊಂದು ಮಂತ್ರದ ಪ್ರತಿರೂಪವಾಗಿ ಬಳಸದೆ ಮನಬಂದಂತೆ ವರ ಕೇಳಿದವನು ಅದನ್ನು ಮತ್ತೆಂದೂ ಪ್ರಯೋಗಿಸಲಾರದಂತಾಗುವ ಸಂಭವ ನೂರಕ್ಕೆ 33. ಈ ಕರಾರುಗಳ ಒಂದು ದೊಡ್ಡ ಭಾಗವನ್ನು, 300ಕ್ಕೂ ಹೆಚ್ಚು ಮಂತ್ರಗಳ ಪಠ್ಯವನ್ನು, ಪ್ರಕಾಶಕರು 2023ರ ಜನವರಿಯಲ್ಲಿ ಕ್ರಿಯೇಟಿವ್ ಕಾಮನ್ಸ್ ಪರವಾನಗಿಯಡಿ ಬಿಟ್ಟುಕೊಟ್ಟಿರುವುದರಿಂದ, ಮೂಲವನ್ನು ಹೆಸರಿಸಿ ಯಾರು ಬೇಕಾದರೂ ಅದನ್ನು ತಿದ್ದಿ, ಕನ್ನಡವೂ ಸೇರಿ ಯಾವ ಭಾಷೆಗಾದರೂ ತಂದುಕೊಳ್ಳಬಹುದು.

ಬೆಲೆಯ ಚೌಕಾಸಿ ಈಗಲೂ ನಡೆದಿದೆ. ಎದುರಾಳಿಯ ಮಂತ್ರವನ್ನು ನಡುವೆಯೇ ತುಂಡರಿಸುವ ಕೌಂಟರ್‌ಸ್ಪೆಲ್ 2014ರಲ್ಲಿ ಮೂರನೆಯ ದರ್ಜೆಯವರೆಗಿನ ಯಾವ ಮಂತ್ರವನ್ನಾದರೂ ದಾಳವನ್ನೇ ಉರುಳಿಸದೆ ಅಳಿಸುತ್ತಿತ್ತು, ಅಳಿಸಿಕೊಂಡವನ ಸ್ಲಾಟೂ ಹೋಗುತ್ತಿತ್ತು. 2024ರಲ್ಲಿ ಪರಿಷ್ಕರಿಸಿದ ಆಟಗಾರರ ಕೈಪಿಡಿ ಎದುರಾಳಿಗೆ ತನ್ನ ದೇಹದಾರ್ಢ್ಯದ ದಾಳ ಉರುಳಿಸಿ ಮಂತ್ರವನ್ನು ಉಳಿಸಿಕೊಳ್ಳುವ ಅವಕಾಶ ಕೊಟ್ಟಿತು. ಅವನು ಸೋತರೆ ಮಂತ್ರಕ್ಕೆ ಬಳಸಿದ ಕ್ರಿಯೆ ವ್ಯರ್ಥವಾಗುತ್ತದೆ, ಸ್ಲಾಟ್ ಮಾತ್ರ ಅವನ ಬಳಿಯೇ ಉಳಿಯುತ್ತದೆ. ಅದೇ ಪುಸ್ತಕ, ಒಂದು ಸರದಿಯಲ್ಲಿ ಮಂತ್ರಕ್ಕಾಗಿ ಒಂದಕ್ಕಿಂತ ಹೆಚ್ಚು ಸ್ಲಾಟ್ ಖರ್ಚು ಮಾಡುವಂತಿಲ್ಲವೆಂದು ಹೊಸದಾಗಿ ಬರೆದು, ಹತ್ತು ವರ್ಷ ಆಟಗಾರರನ್ನು ಗೊಂದಲದಲ್ಲಿಟ್ಟಿದ್ದ ಹಳೆಯ ನಿಯಮವನ್ನು ಹೊಡೆದುಹಾಕಿತು.